ನೂರಕ್ಕೆ ಒಬ್ಬ ಮತದಾರ: ಜಪಾನಿನ 1890ರ ಚುನಾವಣೆಯನ್ನು ಮಕ್ಕಳಿಗೆ ಹೇಗೆ ಹೇಳುವುದು?

ಪ್ರಶ್ನೆ: ನಾನು ತುಮಕೂರು ಜಿಲ್ಲೆಯ ಒಂದು ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಶಿಕ್ಷಕಿ. ಶಾಲೆಯಲ್ಲಿ 350 ಮಕ್ಕಳಿದ್ದಾರೆ. ಜನವರಿ 25ರ ರಾಷ್ಟ್ರೀಯ ಮತದಾರರ ದಿನಕ್ಕೆ ಏನಾದರೂ ಹೊಸದು ಮಾಡೋಣ ಎಂದು ಜಪಾನಿನ 1890ರ ಮೊದಲ ಸಂಸತ್ ಚುನಾವಣೆಯನ್ನು ಅಣಕು ಚುನಾವಣೆಯಾಗಿ ಮಾಡಿಸುವ ಯೋಚನೆ ಇದೆ. ‘ಏಷ್ಯಾದ ಮೊದಲ ಚುನಾವಣೆ, ಶೇ. 94 ಮತದಾನ, ನಾವೇಕೆ ಹಿಂದೆ?’ ಎಂದು ಪೋಸ್ಟರ್ ಕೂಡ ಬರೆಸಿಬಿಟ್ಟೆ. ಆಮೇಲೆ ಓದುತ್ತಾ ಹೋದರೆ ಮತ ಹಾಕುವ ಹಕ್ಕು ಇದ್ದದ್ದೇ ನೂರಕ್ಕೆ ಒಬ್ಬರಿಗೆ ಅಂತ ಗೊತ್ತಾಯಿತು. ಸಹೋದ್ಯೋಗಿಯೊಬ್ಬರು ‘ಅದು ಚಕ್ರವರ್ತಿ ಕೊಟ್ಟ ದಾನ, ಬರೀ ನಾಟಕ. ಅದಕ್ಕಿಂತ ಮೊದಲೇ ನಮ್ಮ ಮೈಸೂರಿನಲ್ಲಿ ಪ್ರಜಾಪ್ರತಿನಿಧಿ ಸಭೆ ಇತ್ತು’ ಅನ್ನುತ್ತಾರೆ. ಹೆಣ್ಣುಮಕ್ಕಳು ‘ನಾವೆಲ್ಲಿ ನಿಲ್ಲಬೇಕು ಮಿಸ್?’ ಅಂತ ಕೇಳಿದರೆ ಏನು ಹೇಳಲಿ? ತಪ್ಪು ಕಲಿಸಿಬಿಡುತ್ತೇನೋ ಎಂಬ ಭಯ. ಮಾಡಲಾ, ಬಿಡಲಾ?

ಉತ್ತರ: ಮೇಡಂ, ಬಿಡಬೇಡಿ. ಪೋಸ್ಟರ್ ಮಾತ್ರ ಬದಲಾಯಿಸಿ.

ನಾನು ಕಾಲೇಜಿನಲ್ಲಿ ಆಧುನಿಕ ಏಷ್ಯಾದ ಇತಿಹಾಸ ಕಲಿಸಲು ಶುರು ಮಾಡಿ 26 ವರ್ಷವಾಯಿತು. ಈ ಚುನಾವಣೆಯ ಪಾಠಕ್ಕೆ ಬಂದಾಗೆಲ್ಲ ತರಗತಿ ಎರಡು ಭಾಗವಾಗುತ್ತದೆ. ಒಂದು ಗುಂಪಿಗೆ ಇದು ದೊಡ್ಡ ಸಾಧನೆ, ಇನ್ನೊಂದಕ್ಕೆ ಶುದ್ಧ ನಾಟಕ. ನಿಮ್ಮ ಪೋಸ್ಟರ್ ಮತ್ತು ನಿಮ್ಮ ಸಹೋದ್ಯೋಗಿ ಆ ಎರಡು ಗುಂಪಿನಲ್ಲಿ ಒಂದೊಂದರಲ್ಲಿ ನಿಂತಿದ್ದಾರೆ ಅಷ್ಟೇ. ನಿಮ್ಮ ಭಯ ಮಾತ್ರ ಸರಿಯಾದ ಜಾಗದಲ್ಲಿದೆ. 94 ಎಂಬ ಅಂಕಿ ಸುಳ್ಳಲ್ಲ. ಆದರೆ ಅದನ್ನು ಒಂಟಿಯಾಗಿ ಗೋಡೆಗೆ ಅಂಟಿಸಿದರೆ ಅದು ಸುಳ್ಳು ಹೇಳಲು ಶುರು ಮಾಡುತ್ತದೆ.

ಮೊದಲು ನಡೆದದ್ದನ್ನು ಹೇಳಿಬಿಡುತ್ತೇನೆ. 1889ರ ಫೆಬ್ರವರಿ 11ರಂದು ಜಪಾನಿನಲ್ಲಿ ಸಂವಿಧಾನ ಘೋಷಣೆಯಾಯಿತು, ಚುನಾವಣಾ ಕಾನೂನೂ ಅದೇ ದಿನ ಬಂತು. 1890ರ ಜುಲೈ 1, ಮಂಗಳವಾರ, ಮತದಾನ. ಕೆಳಮನೆಯಲ್ಲಿ 300 ಸ್ಥಾನ. ದೇಶದ ಜನಸಂಖ್ಯೆ ಸುಮಾರು 4 ಕೋಟಿ. ಮತದಾರರ ಪಟ್ಟಿಯಲ್ಲಿ ಇದ್ದವರು 4,50,872 ಜನ. ಅಂದರೆ ಶೇ. 1.13. ಅವರಲ್ಲಿ ಶೇ. 94ರ ಹತ್ತಿರ ಜನ ಬಂದು ಮತ ಹಾಕಿದರು.

ನೀವು ಚುನಾವಣಾ ಡ್ಯೂಟಿ ಮಾಡಿಯೇ ಇರುತ್ತೀರಿ, ಅಲ್ವಾ? ಹಾಗಾದರೆ ಒಂದು ಲೆಕ್ಕ ನೋಡಿ. ನಾಲ್ಕೂವರೆ ಲಕ್ಷ ಮತದಾರರನ್ನು 300 ಸ್ಥಾನಕ್ಕೆ ಹಂಚಿದರೆ ಒಂದು ಸ್ಥಾನಕ್ಕೆ ಸುಮಾರು 1,500 ಮತದಾರರು. ನಮ್ಮಲ್ಲಿ ಒಂದು ದೊಡ್ಡ ಮತಗಟ್ಟೆಯ ಪಟ್ಟಿಯಲ್ಲಿ ಇರುವಷ್ಟು ಜನ! ಒಬ್ಬ ಸಂಸದನನ್ನು ಆರಿಸಲು ಅಷ್ಟು ಸಾಕಾಗಿತ್ತು. ಊರಿನಲ್ಲಿ ಮತ ಇರುವವರು ಯಾರ್ಯಾರು ಅಂತ ಎಲ್ಲರಿಗೂ ಹೆಸರು ಸಮೇತ ಗೊತ್ತಿತ್ತು. ಬರದೇ ಮನೆಯಲ್ಲಿ ಕೂತರೆ ಅದೂ ಎಲ್ಲರಿಗೂ ಗೊತ್ತಾಗುತ್ತಿತ್ತು.

ಇನ್ನೂ ಒಂದು ಮಾತು ಇದೆ, ಇದನ್ನು ಬಹಳ ಕಡೆ ಬಿಟ್ಟುಬಿಡುತ್ತಾರೆ. ಆ ಮತ ಗುಪ್ತ ಮತ ಅಲ್ಲ. ಮತಚೀಟಿಯಲ್ಲಿ ತಾನು ಆರಿಸುವವನ ಹೆಸರು ಬರೆದು, ಕೆಳಗೆ ತನ್ನ ಹೆಸರು, ವಿಳಾಸ ಬರೆದು, ತನ್ನ ಮುದ್ರೆ ಒತ್ತಬೇಕಿತ್ತು. ಜಪಾನಿನಲ್ಲಿ ಸಹಿಯ ಬದಲು ಪುಟ್ಟ ಮುದ್ರೆ ಬಳಸುವ ರೂಢಿ ಇವತ್ತಿಗೂ ಇದೆ. ಬರೆಯಲು ಬಾರದವನಿಗೆ ಗುಮಾಸ್ತ ಬರೆದುಕೊಡುತ್ತಿದ್ದ. ಸಾಲ ಕೊಟ್ಟ ಸಾಹುಕಾರನೋ ಊರಿನ ದೊಡ್ಡ ಮನೆಯವನೋ ಚುನಾವಣೆಗೆ ನಿಂತಿದ್ದಾನೆ ಅಂದುಕೊಳ್ಳಿ. ಅವನ ವಿರುದ್ಧ ಹೆಸರು, ವಿಳಾಸ ಹಾಕಿ ಮತ ಕೊಡಲು ಎಷ್ಟು ಎದೆಗಾರಿಕೆ ಬೇಕು! ಹತ್ತು ವರ್ಷ ಆದ ಮೇಲೆ, 1900ರ ಕಾನೂನಿನಲ್ಲಿ, ಮತ ಗುಪ್ತವಾಯಿತು.

ಹಾಗಾದರೆ ಶೇ. 94 ಬರೀ ಒತ್ತಡವಾ? ಅದೂ ಅಲ್ಲ. ಅವರಲ್ಲಿ ಎಷ್ಟೋ ಜನ 1879ರಿಂದಲೇ ತಮ್ಮ ಪ್ರಾಂತದ ಸಭೆಗೆ ಮತ ಹಾಕಿ ಅಭ್ಯಾಸ ಇದ್ದವರು. ಹತ್ತು ವರ್ಷ ಈ ದಿನಕ್ಕೆ ಕಾದಿದ್ದವರು. ಉತ್ಸಾಹ ನಿಜ, ಕಣ್ಗಾವಲೂ ನಿಜ.

ನಮ್ಮ ದೇಶದ ಮೊದಲ ಮಹಾಚುನಾವಣೆ, 1951–52ರದ್ದು, ಪಕ್ಕದಲ್ಲಿಟ್ಟು ನೋಡಿ. ಸುಮಾರು 17.3 ಕೋಟಿ ಮತದಾರರು, ಮತದಾನ ಶೇ. 45ರ ಆಸುಪಾಸು. ಅಂಕಿ ಮಾತ್ರ ನೋಡಿದರೆ ಜಪಾನ್ ಗೆದ್ದಿತು, ನಾವು ಸೋತೆವು. ಆದರೆ ದೇಶದ ಪ್ರತಿ 100 ಜನರಲ್ಲಿ ಎಷ್ಟು ಜನ ಮತಗಟ್ಟೆಗೆ ಹೋದರು ಅಂತ ಕೇಳಿ. ಜಪಾನಿನಲ್ಲಿ ಒಬ್ಬರು. ನಮ್ಮಲ್ಲಿ 20ಕ್ಕೂ ಜಾಸ್ತಿ, ಅದರಲ್ಲಿ ಹೆಂಗಸರೂ ಇದ್ದರು, ಓದು ಬಾರದವರೂ ಇದ್ದರು, ತುಂಡು ಭೂಮಿ ಇಲ್ಲದ ಕೂಲಿಯವರೂ ಇದ್ದರು. ಪೋಸ್ಟರಿನಲ್ಲಿ ಈ ಎರಡು ಲೆಕ್ಕವನ್ನು ಅಕ್ಕಪಕ್ಕ ಬರೆಸಿ. ಎಂಟನೇ ತರಗತಿಯ ಮಗುವೂ ಅರ್ಥ ಮಾಡಿಕೊಳ್ಳುತ್ತದೆ.

ಈಗ ಆ ನೂರರಲ್ಲಿ ಒಬ್ಬ ಯಾರು ಎಂಬ ವಿಷಯ. ನನ್ನ ಪ್ರಕಾರ ಇಡೀ ಕಥೆಯ ಬೀಗದ ಕೈ ಇಲ್ಲೇ ಇದೆ. 25 ವರ್ಷ ತುಂಬಿದ ಗಂಡಸಾಗಿರಬೇಕು. ಆ ಪ್ರಾಂತದಲ್ಲಿ ಒಂದು ವರ್ಷದಿಂದ ವಾಸ ಇರಬೇಕು. ಎಲ್ಲಕ್ಕಿಂತ ಮುಖ್ಯವಾಗಿ, ವರ್ಷಕ್ಕೆ 15 ಯೆನ್ ಅಥವಾ ಅದಕ್ಕಿಂತ ಜಾಸ್ತಿ ನೇರ ತೆರಿಗೆಯನ್ನು ಕೇಂದ್ರ ಸರ್ಕಾರಕ್ಕೆ ಕಟ್ಟಿರಬೇಕು. ಚುನಾವಣೆಗೆ ನಿಲ್ಲುವವನಿಗೆ 30 ವರ್ಷ. ಸೇವೆಯಲ್ಲಿರುವ ಸೈನಿಕರಿಗೆ ಮತವಿಲ್ಲ. ಹೊಕ್ಕೈಡೊ ಮತ್ತು ಓಕಿನಾವಾ ದ್ವೀಪಗಳಿಗೆ ಆ ಚುನಾವಣೆಯೇ ಇರಲಿಲ್ಲ.

ನೇರ ತೆರಿಗೆ ಅಂದರೆ ಆಗ ಏನು? ಆದಾಯ ತೆರಿಗೆ ಬಂದದ್ದೇ 1887ರಲ್ಲಿ, ಅದನ್ನು ಕಟ್ಟುವವರು ಬಹಳ ಕಡಿಮೆ. ಉಳಿದದ್ದು ಭೂಮಿಯ ಕಂದಾಯ. ಸರ್ಕಾರದ ತೆರಿಗೆ ಆದಾಯದಲ್ಲಿ ಅರ್ಧಕ್ಕಿಂತ ಜಾಸ್ತಿ ಬರುತ್ತಿದ್ದದ್ದು ಅದರಿಂದಲೇ. 1873ರಲ್ಲಿ ಜಪಾನ್ ಸರ್ಕಾರ ಕಂದಾಯದ ಪದ್ಧತಿಯನ್ನೇ ಬದಲಾಯಿಸಿತು. ನಮ್ಮ ಪಹಣಿಯ ಹಾಗೆ ಜಮೀನಿಗೆ ಮಾಲೀಕನ ಹೆಸರು ಹಾಕಿದ ಪತ್ರ, ಅದರಲ್ಲಿ ಜಮೀನಿನ ಬೆಲೆ, ಆ ಬೆಲೆಯ ಮೇಲೆ ಶೇ. 3 ಕಂದಾಯ. ಅದೂ ಭತ್ತದ ರೂಪದಲ್ಲಿ ಅಲ್ಲ, ನಗದು. ಬೆಳೆ ಬಂದರೂ ಬರದಿದ್ದರೂ ಅಷ್ಟೇ ಕಟ್ಟಬೇಕು. ರೈತರು ದಂಗೆ ಎದ್ದರು. 1877ರಲ್ಲಿ ಅದನ್ನು ಶೇ. 2.5ಕ್ಕೆ ಇಳಿಸಿದರು. ಆ ದರದಲ್ಲಿ 15 ಯೆನ್ ಕಂದಾಯ ಬರಬೇಕಾದರೆ 600 ಯೆನ್ ಬೆಲೆಯ ಜಮೀನು ಇರಬೇಕು. ಅಂದರೆ ಮತದಾರ ಎಂದರೆ ಬಹುಪಾಲು ಹಳ್ಳಿಯ ಜಮೀನ್ದಾರ. ಪಟ್ಟಣದಲ್ಲಿ ಬಾಡಿಗೆ ಮನೆಯಲ್ಲಿದ್ದ ವಕೀಲ, ಪತ್ರಕರ್ತ, ಮೇಷ್ಟ್ರು, ಸಣ್ಣ ವ್ಯಾಪಾರಿ ಎಲ್ಲ ಹೊರಗೆ. ಅವರು ಪತ್ರಿಕೆಯಲ್ಲಿ ಚುನಾವಣೆಯ ಬಗ್ಗೆ ಪುಟಗಟ್ಟಲೆ ಬರೆಯಬಹುದಿತ್ತು, ಮತ ಹಾಕುವಂತಿರಲಿಲ್ಲ.

ಇದರ ಹಿಂದೆ ಇನ್ನೊಂದು ನೋವಿದೆ. ಅಷ್ಟು ಕಂದಾಯ ಕಟ್ಟುವವನ ಹೊಲವನ್ನು ಉಳುತ್ತಿದ್ದವರು ಎಷ್ಟೋ ಕಡೆ ಗೇಣಿದಾರರು. ಬೆಳೆಯ ದೊಡ್ಡ ಪಾಲನ್ನು ಅವರು ಗೇಣಿಯಾಗಿ ಅಳೆದುಕೊಡುತ್ತಿದ್ದರು. ಅದರಲ್ಲೇ ಮಾಲೀಕ ಕಂದಾಯ ಕಟ್ಟುತ್ತಿದ್ದ. ರಸೀದಿಯಲ್ಲಿ ಹೆಸರು ಮಾಲೀಕನದು, ಆದ್ದರಿಂದ ಮತವೂ ಮಾಲೀಕನದು. 1880ರ ದಶಕದ ಮೊದಲರ್ಧದಲ್ಲಿ ಸರ್ಕಾರ ನೋಟುಗಳ ಚಲಾವಣೆ ಬಿಗಿ ಮಾಡಿತು, ಅಕ್ಕಿಯ ಬೆಲೆ ಕುಸಿಯಿತು, ಕಂದಾಯ ಮಾತ್ರ ಅಷ್ಟೇ ಉಳಿಯಿತು. ಸಾಲ ತೀರಿಸಲಾಗದೆ ಎಷ್ಟೋ ರೈತರು ಜಮೀನು ಕಳೆದುಕೊಂಡರು. ಜಮೀನು ಹೋದರೆ ಮತದ ಹಕ್ಕೂ ಹೋಯಿತು. ಈ ಭಾಗ ಹೇಳುವಾಗ ತುಮಕೂರಿನ ಮಕ್ಕಳಿಗೆ ವಿವರಣೆಯೇ ಬೇಡ ಅನ್ನಿಸುತ್ತದೆ. ಪಹಣಿ, ಕಂದಾಯ, ಗೇಣಿ, ಸಾಲ, ಈ ಮಾತುಗಳನ್ನೆಲ್ಲ ಮನೆಯಲ್ಲಿ ಕೇಳಿಯೇ ಬೆಳೆದಿರುತ್ತಾರೆ.

‘ಆ ಕಾಲದಲ್ಲಿ ಎಲ್ಲ ಕಡೆ ಹಾಗೇ ಇತ್ತು’ ಎಂದು ಯಾರಾದರೂ ಸಮರ್ಥನೆ ಮಾಡಬಹುದು. ಪೂರ್ತಿ ಒಪ್ಪಬೇಡಿ. ಹೆಂಗಸರ ವಿಷಯದಲ್ಲಿ ಬಹುಪಾಲು ನಿಜ. ಗಂಡಸರ ವಿಷಯದಲ್ಲಿ ಅಲ್ಲ. ಫ್ರಾನ್ಸಿನಲ್ಲಿ 1848ರಲ್ಲೇ ವಯಸ್ಕ ಗಂಡಸರಿಗೆಲ್ಲ ಮತ ಬಂದಿತ್ತು. ಯಾವ ಜರ್ಮನಿಯನ್ನು ನೋಡಿಕೊಂಡು ಜಪಾನ್ ತನ್ನ ಸಂವಿಧಾನ ಬರೆಯಿತೋ ಆ ಜರ್ಮನಿಯ ಸಂಸತ್ತಿಗೇ 1871ರಿಂದ 25 ದಾಟಿದ ಗಂಡಸರು ಮತ ಹಾಕುತ್ತಿದ್ದರು. 15 ಯೆನ್ ಗೆರೆಯನ್ನು ಬೇಕೆಂದೇ ಅಷ್ಟು ಮೇಲೆ ಎಳೆದರು. ಆಸ್ತಿ ಇದ್ದವನು ಸರ್ಕಾರದ ತಂಟೆಗೆ ಬರುವುದಿಲ್ಲ, ತಾಳ್ಮೆಯಿಂದ ಇರುತ್ತಾನೆ ಎಂದು ಸಂವಿಧಾನದ ಕರಡು ಬರೆದ ಇತೊ ಹಿರೊಬುಮಿ ಮತ್ತು ಅವರ ಜೊತೆಯವರು ನಂಬಿದ್ದರು.

ಆ ನಂಬಿಕೆಯೇ ತಲೆಕೆಳಗಾಯಿತು. ‘ಬರೀ ನಾಟಕ’ ಎನ್ನುವ ನಿಮ್ಮ ಸಹೋದ್ಯೋಗಿಗೆ ಉತ್ತರ ಇಲ್ಲಿಂದ ಶುರುವಾಗುತ್ತದೆ.

ಸಂವಿಧಾನ ಘೋಷಣೆಯಾದ ಮರುದಿನವೇ ಪ್ರಧಾನಿ ಕುರೊದಾ ಕಿಯೊತಾಕಾ, ಸರ್ಕಾರ ಪಕ್ಷಗಳಿಗಿಂತ ಮೇಲೆ ನಿಲ್ಲುತ್ತದೆ ಎಂದು ಸಾರಿದ್ದರು. ಅಂದರೆ ಜನ ಯಾರನ್ನೇ ಆರಿಸಲಿ, ಮಂತ್ರಿಗಳು ಯಾರಾಗಬೇಕು ಅಂತ ಸಂಸತ್ತು ಹೇಳುವಂತಿಲ್ಲ. ಚುನಾವಣೆ ಆಯಿತು. 300ರಲ್ಲಿ ಸರ್ಕಾರದ ವಿರೋಧಿ ಪಕ್ಷಗಳಿಗೆ ಸುಮಾರು 170. ಉದಾರವಾದಿಗಳ ಗುಂಪಿಗೇ 130. ಕಂದಾಯ ಕಟ್ಟುವವನು ಕಂದಾಯದ ಬಗ್ಗೆಯೇ ಮಾತಾಡಲು ಪ್ರತಿನಿಧಿಗಳನ್ನು ಕಳಿಸಿದ್ದ! ಆಡಳಿತದ ಖರ್ಚು ಇಳಿಸಿ, ಜನರಿಗೆ ಸ್ವಲ್ಪ ಉಸಿರಾಡಲು ಬಿಡಿ, ಇಷ್ಟೇ ಅವರ ಬೇಡಿಕೆ.

ನವೆಂಬರ್ 29ರಂದು ಸಂಸತ್ತು ಶುರುವಾಯಿತು. ಆಗ ಪ್ರಧಾನಿ ಯಾಮಗಾತಾ ಅರಿತೊಮೊ, ಸೈನ್ಯದಿಂದ ಬಂದವರು. ಬಜೆಟ್ಟಿನಲ್ಲಿ ಸುಮಾರು 80 ಲಕ್ಷ ಯೆನ್ ಕತ್ತರಿಸಬೇಕು ಎಂದು ಸದನದ ಸಮಿತಿ ಹಟ ಹಿಡಿಯಿತು. ಸಂವಿಧಾನದಲ್ಲಿ ಸರ್ಕಾರ ಒಂದು ರಕ್ಷಣೆ ಇಟ್ಟುಕೊಂಡಿತ್ತು. ಬಜೆಟ್ ಪಾಸಾಗದಿದ್ದರೆ ಹಿಂದಿನ ವರ್ಷದ ಬಜೆಟ್ಟನ್ನೇ ಮುಂದುವರಿಸಬಹುದು. ಕೇಳಲು ಇದು ಸಂಸತ್ತಿನ ಬಾಯಿಗೆ ಬೀಗ ಹಾಕಿದಂತೆ ಇದೆ. ಆದರೆ ಸೈನ್ಯ ಬೆಳೆಸಬೇಕು, ಹಡಗು ಕೊಳ್ಳಬೇಕು ಎನ್ನುವ ಸರ್ಕಾರಕ್ಕೆ ಹಳೇ ಬಜೆಟ್ ಸಾಲುವುದಿಲ್ಲ. ವರ್ಷ ವರ್ಷ ಹೊಸ ದುಡ್ಡು ಬೇಕು. ಹೊಸ ದುಡ್ಡಿಗೆ ಸದನದ ಒಪ್ಪಿಗೆ ಬೇಕು. ಸದನಕ್ಕೆ ಈ ಅಧಿಕಾರ ಕೊಟ್ಟವರಿಗೆ ತಾವೇನು ಕೊಟ್ಟಿದ್ದೇವೆ ಎಂದು ಗೊತ್ತಾಗುವಷ್ಟರಲ್ಲಿ ಮಂತ್ರಿಗಳು ಸದಸ್ಯರ ಜೊತೆ ಚೌಕಾಸಿಗೆ ಕೂತಿದ್ದರು. ಕೊನೆಗೆ ವಿರೋಧ ಪಕ್ಷದ ಒಂದು ಗುಂಪು ಒಳಗೊಳಗೇ ರಾಜಿ ಮಾಡಿಕೊಂಡಿತು. ಆದರೂ 60 ಲಕ್ಷ ಯೆನ್‌ಗಿಂತ ಜಾಸ್ತಿ ಕಡಿತವಾಯಿತು. ಆ ರಾಜಿಗೆ ಬೇಸತ್ತು ನಾಕಾಎ ಚೋಮಿನ್ ರಾಜೀನಾಮೆ ಕೊಟ್ಟು ಹೊರನಡೆದರು. ಅವರು ರೂಸೋನನ್ನು ಜಪಾನಿಗೆ ಪರಿಚಯಿಸಿದ ಚಿಂತಕರು, ಒಸಾಕಾದಿಂದ ಗೆದ್ದವರು. ಅಲ್ಲಿ ಅವರ ಬೆನ್ನಿಗೆ ನಿಂತಿದ್ದವರು ಜಪಾನಿನ ಸಮಾಜ ಅಸ್ಪೃಶ್ಯರೆಂದು ದೂರ ಇಟ್ಟಿದ್ದ ಬುರಾಕು ಸಮುದಾಯದ ಜನ. ನೂರಕ್ಕೆ ಒಬ್ಬ ಮತದಾರನಿದ್ದ ಚುನಾವಣೆಯಲ್ಲೂ ಈ ಸಂದು ಸಿಕ್ಕಿತ್ತು ಎಂಬುದು ನನಗೆ ಪ್ರತಿ ಸಲ ಓದಿದಾಗಲೂ ಮನಸ್ಸು ತುಂಬುವ ವಿಷಯ.

ಸುಮ್ನೆ ನಾಟಕವಾಗಿದ್ದರೆ ಸರ್ಕಾರ ಅದಕ್ಕೆ ಹೆದರಬೇಕಿರಲಿಲ್ಲ. 1892ರ ಎರಡನೇ ಚುನಾವಣೆಯಲ್ಲಿ ಗೃಹಮಂತ್ರಿ ಶಿನಾಗಾವಾ ಯಾಜಿರೊ ಪೊಲೀಸರನ್ನೂ ಅಧಿಕಾರಿಗಳನ್ನೂ ಬಿಟ್ಟು ವಿರೋಧಿಗಳನ್ನು ಸೋಲಿಸಲು ನೋಡಿದರು. ಸರ್ಕಾರಿ ಲೆಕ್ಕದಲ್ಲೇ 25 ಜನ ಸತ್ತರು, 388 ಜನರಿಗೆ ಗಾಯ. ಅಷ್ಟಾದರೂ ಸದನ ಸರ್ಕಾರದ ಕೈಗೆ ಬರಲಿಲ್ಲ, ಶಿನಾಗಾವಾ ಹುದ್ದೆ ಬಿಡಬೇಕಾಯಿತು. 1898ರಲ್ಲಿ, ಅಂದರೆ ಮೊದಲ ಚುನಾವಣೆಯಾದ ಎಂಟೇ ವರ್ಷಕ್ಕೆ, ಪಕ್ಷದ ನಾಯಕರಾದ ಓಕುಮಾ ಶಿಗೆನೊಬು ಮತ್ತು ಇತಾಗಾಕಿ ತೈಸುಕೆ ಸೇರಿ ಸರ್ಕಾರ ಮಾಡಿದರು. ನಾಲ್ಕು ತಿಂಗಳು ಮಾತ್ರ ನಡೆಯಿತು. ಆದರೆ ‘ಪಕ್ಷಗಳಿಗಿಂತ ಮೇಲೆ’ ಅಂದವರು ಕುರ್ಚಿ ಬಿಟ್ಟುಕೊಟ್ಟಿದ್ದರು.

‘ಚಕ್ರವರ್ತಿಯ ದಾನ’ ಎನ್ನುವ ಮಾತು ಇದೆಯಲ್ಲ, ಅದು ಆಗಿನ ಸರ್ಕಾರವೇ ಹಬ್ಬಿಸಿದ ಮಾತು. ಕಾಗದದ ಮೇಲೆ ನಿಜ, ಸಂವಿಧಾನವನ್ನು ಚಕ್ರವರ್ತಿಯೇ ದಯಪಾಲಿಸಿದಂತೆ ಘೋಷಿಸಿದರು. ಆದರೆ 1874ರಲ್ಲೇ ಇತಾಗಾಕಿ ಮತ್ತು ಸಂಗಡಿಗರು ಚುನಾಯಿತ ಸಭೆ ಬೇಕು ಎಂದು ಅರ್ಜಿ ಕೊಟ್ಟಿದ್ದರು. 1880ರಲ್ಲಿ ಕೋನೊ ಹಿರೊನಾಕಾ ಮತ್ತು ಕತಾವೊಕಾ ಕೆಂಕಿಚಿ ಎಂಬ ಇಬ್ಬರು 87 ಸಾವಿರಕ್ಕೂ ಜಾಸ್ತಿ ಜನರ ಪರವಾಗಿ ಟೋಕಿಯೊಗೆ ಮನವಿ ಹೊತ್ತು ತಂದರು. ಅದನ್ನು ತೆಗೆದುಕೊಳ್ಳಲೂ ಸರ್ಕಾರ ಒಪ್ಪಲಿಲ್ಲ. ಕೋನೊ ಆಮೇಲೆ ಜೈಲಿಗೆ ಹೋದರು. 1889ರಲ್ಲಿ ಸಂವಿಧಾನ ಘೋಷಣೆಯ ಕ್ಷಮಾದಾನದಲ್ಲಿ ಹೊರಬಂದರು. ಮರುವರ್ಷ ಫುಕುಶಿಮಾದಿಂದ ಗೆದ್ದು ಅದೇ ಸಂಸತ್ತಿನಲ್ಲಿ ಕೂತರು. ಕತಾವೊಕಾ ಕೂಡ ಗೆದ್ದರು.

ಇಲ್ಲಿ ನಿಮಗಾಗಿ ಒಂದು ವಿಷಯ ಹೇಳಲೇಬೇಕು, ಏಕೆಂದರೆ ನೀವು ಹಳ್ಳಿಯ ಶಾಲೆಯ ಶಿಕ್ಷಕಿ. ಟೋಕಿಯೊದ ಪಶ್ಚಿಮಕ್ಕೆ ಇತ್ಸುಕಾಇಚಿ ಅಂತ ಬೆಟ್ಟದ ತಪ್ಪಲಿನ ಊರು. ಅಲ್ಲಿನ ಶಾಲೆಯ ಮೇಷ್ಟ್ರು ಚಿಬಾ ತಾಕುಸಾಬುರೊ, ಊರಿನ ಜನರ ಜೊತೆ ಕೂತು ಚರ್ಚೆ ಮಾಡಿ 1881ರಲ್ಲಿ 204 ವಿಧಿಗಳ ಒಂದು ಸಂವಿಧಾನದ ಕರಡು ಬರೆದರು. ಅದರಲ್ಲಿ ಜನರ ಹಕ್ಕುಗಳ ಬಗ್ಗೆ ವಿವರವಾದ ವಿಧಿಗಳಿದ್ದವು. ಚಿಬಾ 1883ರಲ್ಲೇ ತೀರಿಕೊಂಡರು. ಆ ಕರಡು ಒಂದು ಮನೆಯ ಉಗ್ರಾಣದಲ್ಲಿ ಮಲಗಿತ್ತು, 1968ರಲ್ಲಿ ಸಿಕ್ಕಿತು. ದಾನ ಅಂತ ಹೇಳುವವರಿಗೆ ಆ ಉಗ್ರಾಣದ ಕಾಗದದ ಕಥೆ ಹೇಳಿ.

ಇನ್ನು ಮೈಸೂರು. ನಿಮ್ಮ ಸಹೋದ್ಯೋಗಿ ಹೇಳಿದ್ದರಲ್ಲಿ ಅರ್ಧ ಸರಿ. ದಿವಾನ್ ರಂಗಾಚಾರ್ಲು ಅವರ ಕಾಲದಲ್ಲಿ ಪ್ರಜಾಪ್ರತಿನಿಧಿ ಸಭೆ ಮೊದಲು ಸೇರಿದ್ದು 1881ರ ಅಕ್ಟೋಬರ್ 7ರಂದು. ಜಪಾನಿನ ಚಕ್ರವರ್ತಿ 1890ಕ್ಕೆ ಸಂಸತ್ತು ಕೊಡುತ್ತೇನೆ ಎಂದು ಆಜ್ಞೆ ಹೊರಡಿಸಿದ್ದು ಅದೇ ಅಕ್ಟೋಬರ್ 12ರಂದು. ಐದೇ ದಿನದ ಅಂತರ! ಆದರೆ ಮೈಸೂರಿನ ಆ 144 ಸದಸ್ಯರು ಚುನಾಯಿತರಲ್ಲ, ಆಯ್ಕೆ ಮಾಡಿ ಕರೆಸಿದವರು. ದಿವಾನರ ವರದಿ ಕೇಳಬಹುದು, ಊರಿನ ಕಷ್ಟ ಸುಖ ಹೇಳಬಹುದು. ಕಾನೂನು ಮಾಡುವ, ಬಜೆಟ್ ತಡೆಯುವ ಅಧಿಕಾರವಿರಲಿಲ್ಲ. ಅಲ್ಲಿ ಚುನಾವಣೆ ಬಂದದ್ದು 1891ರಲ್ಲಿ. ಹೆಮ್ಮೆ ಪಡೋಣ, ಆದರೆ ಎರಡನ್ನೂ ಒಂದೇ ತಕ್ಕಡಿಗೆ ಹಾಕುವುದು ಬೇಡ. ‘ಏಷ್ಯಾದ ಮೊದಲ’ ಎಂಬ ಸಾಲನ್ನೂ ಪೋಸ್ಟರಿನಿಂದ ತೆಗೆಸಿ. ಆಟೊಮನ್ ಸಾಮ್ರಾಜ್ಯದ ಸಂಸತ್ತು 1877ರಲ್ಲೇ ಇಸ್ತಾಂಬುಲ್‌ನಲ್ಲಿ ಸೇರಿತ್ತು, ಪ್ರಾಂತಗಳಿಂದ ಪರೋಕ್ಷವಾಗಿ ಆಯ್ಕೆಯಾದ ಪ್ರತಿನಿಧಿಗಳಿದ್ದರು. ಮರುವರ್ಷ ಸುಲ್ತಾನ ಅದನ್ನು ಮುಚ್ಚಿದ. ಮತ್ತೆ ತೆರೆಯಲು 1908 ಬರಬೇಕಾಯಿತು. ಜಪಾನಿನ ವಿಶೇಷ ಇರುವುದು ಮೊದಲು ಬಂತು ಎನ್ನುವುದರಲ್ಲಿ ಅಲ್ಲ, ಒಮ್ಮೆ ಶುರುವಾದ ಮೇಲೆ ನಿಲ್ಲದೆ ನಡೆಯಿತು ಎನ್ನುವುದರಲ್ಲಿ. ಮೊದಲ ಚುನಾವಣೆಯಲ್ಲಿ ಗೆದ್ದ ಓಜಾಕಿ ಯುಕಿಓ ಎಂಬವರು ಒಟ್ಟು 25 ಸಲ ಗೆದ್ದು 1953ರವರೆಗೂ ಸದಸ್ಯರಾಗಿದ್ದರು. ಒಬ್ಬ ಮನುಷ್ಯನ ಜೀವಮಾನದಲ್ಲಿ ಈ ಇಡೀ ಕಥೆ ಹಿಡಿಸುತ್ತದೆ.

ಹೆಣ್ಣುಮಕ್ಕಳ ಪ್ರಶ್ನೆಗೆ ಬರುತ್ತೇನೆ. ‘ಆಗ ಹೆಂಗಸರಿಗೆ ಹಕ್ಕಿರಲಿಲ್ಲ’ ಎಂದು ಒಂದು ಸಾಲಿನಲ್ಲಿ ಮುಗಿಸಬೇಡಿ ಮೇಡಂ. ಜಪಾನಿನ ಕೋಚಿ ಎಂಬ ಪಟ್ಟಣದಲ್ಲಿ ಕುಸುನೊಸೆ ಕಿತಾ ಅಂತ ಒಬ್ಬ ವಿಧವೆ ಇದ್ದರು. ಗಂಡ ಸತ್ತ ಮೇಲೆ ಮನೆಯ ಯಜಮಾನಿಕೆ ಅವರದೇ, ತೆರಿಗೆ ಕಟ್ಟುವವರೂ ಅವರೇ. 1878ರಲ್ಲಿ ಊರಿನ ಸಭೆಯ ಚುನಾವಣೆಗೆ ಹೋದರೆ ಹೆಂಗಸು ಎಂದು ವಾಪಸು ಕಳಿಸಿದರು. ಮತ ಇಲ್ಲದಿದ್ದರೆ ತೆರಿಗೆಯನ್ನೂ ಕಟ್ಟುವುದಿಲ್ಲ ಎಂದು ಅವರು ಸರ್ಕಾರಕ್ಕೆ ಬರೆದರು. ಗದ್ದಲವಾಯಿತು. 1880ರಲ್ಲಿ ಆ ಊರಿನ ಒಂದು ಭಾಗದಲ್ಲಿ ಮತ್ತು ಪಕ್ಕದ ಹಳ್ಳಿಯಲ್ಲಿ ಸ್ಥಳೀಯ ಸಭೆಗೆ ಹೆಂಗಸರಿಗೂ ಮತ ಸಿಕ್ಕಿತು. 1884ರಲ್ಲಿ ಕಾನೂನು ಬದಲಾಯಿಸಿ ಅದನ್ನು ಕಿತ್ತುಕೊಂಡರು. ಅಂದರೆ 1890ರ ಹೊತ್ತಿಗೆ ಹೆಂಗಸರಿಗೆ ಮತ ಇಲ್ಲದಿದ್ದದ್ದು ಯಾರೂ ಕೇಳದೇ ಇದ್ದದ್ದರಿಂದ ಅಲ್ಲ. ಕೇಳಿ, ಪಡೆದು, ಕಳೆದುಕೊಂಡಿದ್ದರು.

ಮೊದಲ ಸ್ಪೀಕರ್ ನಾಕಾಜಿಮಾ ನೊಬುಯುಕಿ. ಅವರ ಹೆಂಡತಿ ಕಿಶಿದಾ ತೊಶಿಕೊ, ಊರೂರು ತಿರುಗಿ ಹೆಣ್ಣುಮಕ್ಕಳ ಹಕ್ಕಿನ ಬಗ್ಗೆ ಭಾಷಣ ಮಾಡಿ 1883ರಲ್ಲಿ ಬಂಧನಕ್ಕೂ ಒಳಗಾಗಿದ್ದವರು. ಚುನಾವಣೆ ಮುಗಿದ ಮೂರೂವರೆ ವಾರಕ್ಕೆ, ಜುಲೈ 25ರಂದು, ಹೆಂಗಸರು ರಾಜಕೀಯ ಸಭೆಗೆ ಹೋಗುವಂತಿಲ್ಲ, ಪಕ್ಷ ಸೇರುವಂತಿಲ್ಲ ಎಂದು ಕಾನೂನು ಬಂತು. ಗಂಡ ಸದನ ನಡೆಸುತ್ತಾರೆ, ಅವರಿಗಿಂತ ಚೆನ್ನಾಗಿ ಮಾತಾಡಬಲ್ಲ ಹೆಂಡತಿ ಬೀದಿಯ ರಾಜಕೀಯ ಸಭೆಯಲ್ಲಿ ಕೇಳುಗಳಾಗಿ ಕೂರುವಂತಿಲ್ಲ! ಸಭೆಗೆ ಹೋಗಬಾರದೆಂಬ ಆ ನಿಷೇಧ ತೆಗೆಯಲು 1922 ಆಯಿತು. ಮತ ಸಿಕ್ಕಿದ್ದು ಯುದ್ಧ ಸೋತ ಮೇಲೆ. 1946ರ ಏಪ್ರಿಲ್ 10ರ ಚುನಾವಣೆಯಲ್ಲಿ 39 ಮಹಿಳೆಯರು ಗೆದ್ದು ಬಂದರು. ನಿಮ್ಮ ಹುಡುಗಿಯರಲ್ಲಿ ಒಬ್ಬಳು ಕುಸುನೊಸೆ ಕಿತಾ ಆಗಿ ಮತಗಟ್ಟೆಯ ಬಾಗಿಲಿಗೆ ಬರಲಿ. ರಸೀದಿ ಕೈಯಲ್ಲಿ ಹಿಡಿದು ‘ನನ್ನ ಹೆಸರು ಎಲ್ಲಿ?’ ಅಂತ ಕೇಳಲಿ.

ಈಗ ಅಣಕು ಚುನಾವಣೆ ಹೇಗೆ ಮಾಡುವುದು. ಒಂದು ದಾರಿ, ನೀವು ಅಂದುಕೊಂಡ ಹಾಗೆ 1890ರ ನಿಯಮದಲ್ಲೇ ಒಂದು ಸಲ ಮಾಡಿಸುವುದು. 350 ಮಕ್ಕಳಲ್ಲಿ ಮತದಾರರು ನಾಲ್ಕೇ ಜನ. ಉಳಿದ 346 ಮಕ್ಕಳು ಹತ್ತು ನಿಮಿಷದಲ್ಲಿ ಗಲಾಟೆ ಶುರು ಮಾಡುತ್ತಾರೆ. ಅದಕ್ಕಿಂತ ದೊಡ್ಡ ಅಪಾಯ ಎಂದರೆ, ‘ಹಿಂದೆ ಅನ್ಯಾಯ, ಈಗ ನ್ಯಾಯ’ ಎಂದಷ್ಟೇ ಅವರ ತಲೆಯಲ್ಲಿ ಉಳಿಯುತ್ತದೆ. ನಡುವಿನ ಹೋರಾಟ ಮಾಯ. ಇನ್ನೊಂದು ದಾರಿ, ಆಟ ಬೇಡ, ಚಾರ್ಟ್ ಮಾಡಿ ಗೋಡೆಗೆ ಹಾಕುವುದು. ತೊಂದರೆಯೇನೂ ಇಲ್ಲ, ಆದರೆ ಯಾರೂ ಓದುವುದಿಲ್ಲ.

ನಾನು ಮಾಡಿಸುವುದು ಮೂರನೆಯದು. ಒಂದೇ ಚುನಾವಣೆಯನ್ನು ಐದು ಸಲ ನಡೆಸಿ, ಪ್ರತಿ ಸಲ ನಿಯಮ ಬದಲಾಯಿಸಿ. ಗೆರೆ 15 ಯೆನ್ ಇದ್ದಾಗ ನಾಲ್ಕು ಮಕ್ಕಳು. 1900ರಲ್ಲಿ 10 ಯೆನ್‌ಗೆ ಇಳಿಯಿತು, ಮತದಾರರು ಜನಸಂಖ್ಯೆಯ ಶೇ. 2ರ ಆಸುಪಾಸು, ನಿಮ್ಮಲ್ಲಿ ಎಂಟು ಮಕ್ಕಳು. 1919ರಲ್ಲಿ 3 ಯೆನ್, ಸುಮಾರು ಶೇ. 5, ಹತ್ತೊಂಬತ್ತು ಮಕ್ಕಳು. 1925ರಲ್ಲಿ ತೆರಿಗೆಯ ಗೆರೆಯೇ ಹೋಗಿ 25 ದಾಟಿದ ಗಂಡಸರಿಗೆಲ್ಲ ಮತ, ಸುಮಾರು 70 ಮಕ್ಕಳು. 1946ರಲ್ಲಿ 20 ದಾಟಿದ ಹೆಂಗಸರೂ ಗಂಡಸರೂ, ಹೆಚ್ಚುಕಡಿಮೆ ಅರ್ಧ ಶಾಲೆ. ಕೊನೆಯದರಲ್ಲಿ ಒಂದು ಎಚ್ಚರ ಇರಲಿ. ಉಳಿದರ್ಧ ಮಕ್ಕಳು ‘ನಮಗೆ ಯಾಕಿಲ್ಲ?’ ಅನ್ನುತ್ತಾರೆ. ಅವರಲ್ಲಿ ಬಹುಪಾಲು ಆಗಿನ 20 ತುಂಬದವರ ಲೆಕ್ಕ ಎಂದು ಮೊದಲೇ ಹೇಳಿಬಿಡಿ. ಇಲ್ಲದಿದ್ದರೆ 1946ರಲ್ಲೂ ಅರ್ಧ ದೇಶಕ್ಕೆ ಹಕ್ಕು ಕೊಡಲಿಲ್ಲ ಎಂದು ತಪ್ಪು ತಿಳಿಯುತ್ತಾರೆ.

ಆ ನಾಲ್ಕು ಮಕ್ಕಳನ್ನು ಆರಿಸುವಾಗ ಚೀಟಿ ಎತ್ತಿ. ದಯವಿಟ್ಟು ‘ಯಾರ ಮನೆಯಲ್ಲಿ ಎಷ್ಟು ಜಮೀನಿದೆ?’ ಅಂತ ಕೇಳಬೇಡಿ. ಮೊದಲ ಸಲ ನಾನು ಅದನ್ನೇ ಮಾಡಿದೆ. ಐದು ಎಕರೆ ಮೇಲೆ ಇರುವವರು ಕೈ ಎತ್ತಿ ಅಂದೆ. ನಾಲ್ಕಾರು ಕೈ ಮೇಲೆ ಬಂತು. ಹಿಂದಿನ ಬೆಂಚಿನಲ್ಲಿ ಒಬ್ಬ ಹುಡುಗಿ ತಲೆ ತಗ್ಗಿಸಿ ಪುಸ್ತಕದ ಅಂಚು ಕೀಳುತ್ತಾ ಕೂತಿದ್ದಳು. ಇಡೀ ಗಂಟೆ ಅವಳು ತಲೆ ಎತ್ತಲಿಲ್ಲ. ನಮ್ಮ ಊರುಗಳಲ್ಲಿ ಜಮೀನು ಕೇಳಿದರೆ ಜಾತಿ ಕೇಳಿದ ಹಾಗೆ, ನಿಮಗೆ ನಾನು ಹೇಳಬೇಕಾಗಿಲ್ಲ. ಚೀಟಿಯಲ್ಲಿ ‘600 ಯೆನ್ ಜಮೀನಿನ ಮಾಲೀಕ’, ‘ಗೇಣಿದಾರ’, ‘ಟೋಕಿಯೊದ ಪತ್ರಕರ್ತ’, ‘ಸೈನಿಕ’, ‘ಓಕಿನಾವಾದ ಮೀನುಗಾರ’ ಎಂದು ಬರೆದು ಹಂಚಿ. ಯಾರ ಕೈಗೆ ಏನು ಬರುತ್ತದೋ ಬರಲಿ.

ಮತಚೀಟಿ ಮಾಡುವುದು ಸುಲಭ. ಉದ್ದನೆಯ ಬಿಳಿ ಹಾಳೆ, ಮೇಲೆ ಆರಿಸುವವನ ಹೆಸರು, ಕೆಳಗೆ ಮತದಾರನ ಹೆಸರು, ವಿಳಾಸ. ಮುದ್ರೆಗೆ ಎರೇಸರ್ ಕೊರೆದು ಕೆಂಪು ಇಂಕ್ ಪ್ಯಾಡಿಗೆ ಒತ್ತಿದರೆ ಸಾಕು. ಚಿಹ್ನೆ ಹಾಕಬೇಡಿ, ಜಪಾನಿನಲ್ಲಿ ಇವತ್ತಿಗೂ ಸಾಮಾನ್ಯವಾಗಿ ಅಭ್ಯರ್ಥಿಯ ಹೆಸರನ್ನು ಕೈಯಾರೆ ಬರೆದೇ ಮತ ಹಾಕುತ್ತಾರೆ. ಮೊದಲ ಸುತ್ತಿನಲ್ಲಿ ಎಣಿಸುವಾಗ ಯಾರು ಯಾರಿಗೆ ಹಾಕಿದರು ಎಂದು ಗಟ್ಟಿಯಾಗಿ ಓದಬೇಡಿ. ಓದಬಹುದಿತ್ತು ಎಂದು ಹೇಳಿದರೆ ಸಾಕು, ನಾಲ್ಕೂ ಮಕ್ಕಳ ಮುಖ ನೋಡಿದರೆ ಉಳಿದವರಿಗೆ ಗೊತ್ತಾಗುತ್ತದೆ. ಮತ್ತೆ ಆ ನಾಲ್ಕು ಚೀಟಿಗಳನ್ನು ತರಗತಿಯಲ್ಲಿ ಬಿಟ್ಟುಬರಬೇಡಿ. ಎಣಿಕೆ ಮುಗಿದ ತಕ್ಷಣ ನೀವೇ ಎತ್ತಿಕೊಂಡು ಮನೆಗೆ ತೆಗೆದುಕೊಂಡು ಹೋಗಿ.